ಯಾವ ಕಣ್ಣು ಮೊದಲು

ಮಾರ್ಚ್ 3

ಇವತ್ತು ಆರು ಗಂಟೆ ಹೊತ್ತು ನನ್ನ ಮುಖವನ್ನೇ ನೋಡಿದೆ. ಥೂ. ಮೂರು ವರ್ಷದ ಶೂಟಿಂಗಿನಲ್ಲಿ ನಾನು ಕಿಟಕಿಯಿಂದ ಹೊರಗೆ ನೋಡುತ್ತಾ ನಿಂತಿರೋ ಶಾಟುಗಳೇ ನಲವತ್ತೊಂದು ಇವೆ. ಏನು ನೋಡುತ್ತಿದ್ದೆ ಅಂತ ಈಗ ಕೇಳಿದರೆ ನನಗೇ ಗೊತ್ತಿಲ್ಲ. ಒಂದು ಸಲ ಎದುರು ಮನೆಯವರು ಗಾಡಿ ತೊಳೆಯುತ್ತಿದ್ದರು, ಅದಷ್ಟೇ ನೆನಪು.

ಎಡಿಟರ್ ಮಹಾಶಯರು ಬೇಯಿಸಿದ ಮೊಟ್ಟೆ ತಂದಿದ್ದರು. ಕಿಟಕಿಯಿಲ್ಲದ ರೂಮು, ಎ.ಸಿ. ಕೆಟ್ಟಿದೆ, ಅದರಲ್ಲಿ ನಾಲ್ಕು ಮೊಟ್ಟೆ! ಹೊರಗೆ ಹೋಗಿ ತಿನ್ನಿ ಅಂದರೆ "ಮೇಡಂ, ನೀವು ಬೇಜಾರಾಗಿ ನಿಂತಿರೋದನ್ನ ನೋಡ್ತಾ ತಿಂದ್ರೆ ಬೇಗ ಜೀರ್ಣ ಆಗುತ್ತೆ" ಅಂತಾರೆ. ಐವತ್ತೆರಡು ವರ್ಷದ ಮನುಷ್ಯ. ಬೆರಳು ಬಂಗಾರ, ಬಾಯಿ ಚರಂಡಿ.

ಸಿನಿಮಾ ಹೆಸರು 'ಕೊಟ್ಟ ಮಗಳು'. ಅಪ್ಪ ಸತ್ತ ಮೇಲೆ ಮೂರು ವರ್ಷದ ನನ್ನನ್ನು ಅಮ್ಮ ದೊಡ್ಡಮ್ಮನ ಮನೆಗೆ ಕೊಟ್ಟು ಕೈ ತೊಳೆದುಕೊಂಡಳು. ಹನ್ನೆರಡನೇ ವರ್ಷದಲ್ಲಿ ದೊಡ್ಡಮ್ಮ ತೀರಿಕೊಂಡಾಗ ವಾಪಸ್ ಬಂದೆ. ನಡುವಿನ ಒಂಬತ್ತು ವರ್ಷ ನಾನು ಯಾರ ಮಗಳಾಗಿದ್ದೆ ಅನ್ನೋದೇ ಚಿತ್ರ. ನನಗೋಸ್ಕರ ಬರೆದುಕೊಳ್ಳೋ ಡೈರಿಯಲ್ಲಿ ಇದನ್ನೆಲ್ಲ ಯಾಕೆ ವಿವರಿಸುತ್ತಿದ್ದೇನೋ. ಅರ್ಜಿ ತುಂಬಿಸಿ ತುಂಬಿಸಿ ಚಟ ಅಂಟಿಕೊಂಡಿದೆ.

ಚಿತ್ರೋತ್ಸವದವರು ಟ್ರೇಲರ್ ನೋಡಿಯೇ ಆರಿಸಿದ್ದಾರೆ. ಏಪ್ರಿಲ್ ಹತ್ತರೊಳಗೆ ಪೂರ್ತಿ ಪ್ರತಿ ಕಳಿಸಬೇಕು. ನಮ್ಮ ನಿರ್ಮಾಪಕರು ಬಾಯಿ ಬಿಟ್ಟರೆ "ಗಾಯ ಎಲ್ಲಿದೆ ಹೇಳಿ" ಅಂತಾರೆ, ಅದಕ್ಕೆ ಅವರಿಗೆ ಗಾಯದ ಸಾಹೇಬರು ಅಂತ ಹೆಸರಿಟ್ಟಿದ್ದೇನೆ. ಅವರ ಪ್ರಕಾರ ಗಾಯ ಜನವರಿಯಲ್ಲಿ ಸಿಕ್ಕಿದೆ. ಅಮ್ಮ ಕ್ಯಾಮೆರಾ ಮುಂದೆ "ನೀನು ನನಗೆ ಭಾರ ಆಗಿದ್ದೆ, ಕೊಟ್ಟುಬಿಟ್ಟೆ" ಅಂತ ಹೇಳಿ ಅತ್ತಳಲ್ಲ, ಅದು. ಆದರೆ ಅದೇ ಹೊತ್ತಿಗೆ ಪಕ್ಕದ ಮನೆಯವರು ಗೋಡೆಗೆ ಡ್ರಿಲ್ ಹಾಕುತ್ತಿದ್ದರು. ಚಿತ್ರ ಚೊಕ್ಕ, ಶಬ್ದ ಗೋವಿಂದ. ಫೆಬ್ರವರಿಯಲ್ಲಿ ಮತ್ತೆ ಕೇಳಿದೆ, ಅಳಲಿಲ್ಲ. ಈಗ ಸಾಹೇಬರ ಅಪ್ಪಣೆಯಾಗಿದೆ: "ಆ ಅಳು ಬೇಕೇ ಬೇಕು. ಡ್ರಿಲ್ ಇಲ್ಲದ ಅಳು."

ಮಾರ್ಚ್ 6

ಅಮ್ಮನ ಮನೆಯಲ್ಲಿ ನನ್ನನ್ನ ಯಾಕೆ ಕೊಟ್ಟೆ ಅನ್ನೋ ಅದೇ ಪ್ರಶ್ನೆ, ಮೂರನೇ ಸಲ.

ಜನವರಿಯ ಚಿತ್ರದ ಜೊತೆ ಕೂಡಿಸಿ ಕತ್ತರಿಸಬೇಕಲ್ಲ, ಎಲ್ಲವೂ ಹಾಗೇ ಇರಬೇಕು. ಅದೇ ಕಂದು ಸ್ವೆಟರ್, ಅದೇ ಕನ್ನಡಕ, ಅರ್ಧ ನೀರಿನ ಲೋಟ. ಅಮ್ಮ ಸ್ವೆಟರಿನ ಮೇಲಿನ ಗುಂಡಿ ಹಾಕಿಕೊಂಡಿದ್ದಳು. "ಅಮ್ಮ, ಜನವರಿಯಲ್ಲಿ ಅದು ಬಿಚ್ಚಿತ್ತು. ಕೈ ಕೂಡ ಎಡಗೈ ಮೇಲಿತ್ತು, ಬಲಗೈ ಕೆಳಗೆ. ಒಂದು ತಪ್ಪಿದ್ರೂ ಜೋಡಿಸೋಕಾಗಲ್ಲ ಅಂತ ಎಷ್ಟು ಸಲ ಹೇಳ್ಬೇಕು?" ಅಂತ ಗದರಿದೆ. ಸ್ಕೂಲು ಹುಡುಗಿ ಥರ ತಲೆ ಆಡಿಸಿ ಗುಂಡಿ ಬಿಚ್ಚಿದಳು. ಮುಖಕ್ಕೆ ಪೌಡರ್ ಬೇರೆ. ಮಗಳನ್ನು ಬಿಸಾಡಿದ್ದನ್ನು ಒಪ್ಪಿಕೊಳ್ಳೋಕೆ ಪೌಡರ್! ಒರೆಸಿಸಿದೆ.

ಮೊದಲ ಅರ್ಧ ಏನೂ ಗಿಟ್ಟಲಿಲ್ಲ. ಕಲ್ಲಿನ ಹಾಗೆ ಕೂತು ಒಪ್ಪಿಸಿದಳು. ತಲೆ ಕೆಟ್ಟು ಅರ್ಧ ಗಂಟೆ ಬ್ರೇಕ್ ಕೊಟ್ಟೆ. ಮೈಕನ್ನು ಬಟ್ಟೆಯೊಳಗೆ ಕಾಣದ ಹಾಗೆ ಸಿಕ್ಕಿಸೋಕೆ ಇಪ್ಪತ್ತು ನಿಮಿಷ ಹಿಡಿದಿತ್ತು, ಅದಕ್ಕೆ ತೆಗೆಯೋದು ಬೇಡ ಅಂದೆ. ನಾನೂ ಕ್ಯಾಮೆರಾದವರೂ ಕೆಳಗೆ ಹೋಗಿ ಟೀ ಕುಡಿದೆವು. ಕೆಳಗಿನ ಮನೆಯ ಚಿಕ್ಕಮ್ಮ ಅಮ್ಮನಿಗೆ ಜೊತೆಯಾಗಿ ಕೂತಿದ್ದಳು.

ಬ್ರೇಕ್ ಆದ ಮೇಲೆ ಎಂಥ ಅಳು! ಎಡಗಣ್ಣಿನಿಂದ ಒಂದೇ ಒಂದು ಹನಿ, ಕನ್ನಡಕದ ಅಂಚಿಗೆ ಬಂದು ನಿಂತು, ಆಮೇಲೆ ಇಳಿಯಿತು. ಜನವರಿಯ ಹಾಗೇ. ನಾನು "ಕಟ್" ಅಂದ ತಕ್ಷಣ ಅಮ್ಮ ಮೂಗು ಒರೆಸಿಕೊಂಡು ಕೇಳಿದಳು, "ಚೆನ್ನಾಗಿ ಬಂತಾ?"

ಚೆನ್ನಾಗಿ ಬಂತಾ ಅಂತೆ. ಹೆತ್ತ ಮಗು ಭಾರ ಅಂತ ಹೇಳಿ ಹತ್ತು ಸೆಕೆಂಡ್ ಆಗಿಲ್ಲ. ಊಟ ಮಾಡಿಕೊಂಡು ಹೋಗು ಅಂದಳು, ಮಾಡಲಿಲ್ಲ.

ಮಾರ್ಚ್ 11

ನಿರೂಪಣೆ ರೆಕಾರ್ಡ್ ಮಾಡಿದೆ. "ಹೊರೆಯನ್ನು ಇಳಿಸಿದವರು ತಿರುಗಿ ನೋಡುವುದಿಲ್ಲ. ನನ್ನ ತಾಯಿಯೂ ನೋಡಲಿಲ್ಲ." ಹದಿನೇಳು ಸಲ ಹೇಳಿದೆ. ಹದಿನೇಳು ಸಲವೂ ಸೋಪು ಮಾರುವವಳ ದನಿ. ಪಿಸುಗುಟ್ಟಿದರೆ ಗಂಟಲು ಕೆಟ್ಟ ದೆವ್ವ, ಜೋರಾಗಿ ಹೇಳಿದರೆ ಬಸ್‌ಸ್ಟ್ಯಾಂಡಿನ ಪ್ರಕಟಣೆ. ಮೈ ಪರಚಿಕೊಳ್ಳೋ ಹಾಗಾಯಿತು.

"ಒಂಬತ್ತನೇದು ಪರವಾಗಿಲ್ಲ ಮೇಡಂ, ಅದ್ರಲ್ಲಿ ಸುಸ್ತಾಗಿದೀರಿ" ಅಂದರು ಎಡಿಟರ್.

ಮಾರ್ಚ್ 15

ಗಾಯದ ಸಾಹೇಬರು ಬಂದು ನೋಡಿದರು. ಅಮ್ಮನ ಹನಿ ಇಳಿಯುವಾಗ ಅವರೂ ಅತ್ತರು. ಕರ್ಚೀಫು ತೆಗೆದು ಸೊರ್ ಅಂತ ಸಿಂಬಳ ತೆಗೆದರು, ಆಮೇಲೆ ಅದನ್ನು ಬಿಡಿಸಿ ನೋಡಿಕೊಂಡರು. ದೇವರೇ, ಕೆಲವರು ಯಾಕೆ ಬಿಡಿಸಿ ನೋಡುತ್ತಾರೆ?

"ನಿಮ್ಮ ತಾಯಿ ರಾಕ್ಷಸಿ ಅಲ್ಲ. ಆದ್ರೆ ಸ್ವಲ್ಪ ರಾಕ್ಷಸಿ. ಅಲ್ಲೇ ಇರೋದು ಸೊಗಸು" ಅಂದರು.

ನನಗೆ ಖುಷಿಯಾಯಿತು. ನಾಚಿಕೆಗೆಟ್ಟ ಖುಷಿ, ಆದರೂ ಖುಷಿ. ಮೂವತ್ತೊಂಬತ್ತು ವರ್ಷಕ್ಕೆ ಮೊದಲ ಸಲ ಯಾರೋ ನನ್ನ ಪಕ್ಷ ವಹಿಸಿದ ಹಾಗೆ.

ಮಾರ್ಚ್ 19

ಚಪ್ಪಲಿ ಕೂಡ ಬಿಚ್ಚದೆ ಬರೆಯುತ್ತಿದ್ದೇನೆ.

ಬ್ರೇಕಿನಲ್ಲಿ ಅಮ್ಮನ ಮೈಕು ಓಡುತ್ತಲೇ ಇತ್ತು. ಯಾರೂ ರೆಕಾರ್ಡಿಂಗ್ ನಿಲ್ಲಿಸಿರಲಿಲ್ಲ. ಶಬ್ದ ಜೋಡಿಸುವಾಗ ಎಡಿಟರ್ ಕೈಗೆ ಸಿಕ್ಕಿದೆ. "ಮೇಡಂ, ಒಂದ್ಸಲ ಕೇಳಿ" ಅಂತ ಹೆಡ್‌ಫೋನ್ ಕೊಟ್ಟರು. ಅದರ ಕಿವಿಗವಸಿನಲ್ಲಿ ಅವರ ಬೆವರು.

ಮೊದಲು ಅಮ್ಮನ ದನಿ: "ಏ, ಜನವರೀಲಿ ಯಾವ ಕಣ್ಣಲ್ಲಿ ಬಂದಿತ್ತೆ ನೀರು?"

ಚಿಕ್ಕಮ್ಮ: "ಯಾರಿಗೆ ಗೊತ್ತಕ್ಕ? ನಾನೇನು ಬರೆದಿಟ್ಕೊಂಡಿದೀನಾ?"

"ಪಕ್ಕದಲ್ಲೇ ಕೂತಿದ್ದೆಯಲ್ಲೇ. ಎಡಗಣ್ಣು ಅನ್ಸುತ್ತೆ. ಯಾವ ಕಣ್ಣು ಮೊದಲು ಅನ್ನೋದೂ ಹಾಗೇ ಇರ್ಬೇಕು ಕಣೆ, ಇಲ್ದಿದ್ರೆ ಜೋಡಿಸೋಕಾಗಲ್ವಂತೆ. ಒಂದು ಗುಂಡಿಗೇ ಅಷ್ಟು ಬೈದಳು, ಕಣ್ಣು ತಪ್ಪಿದ್ರೆ ಬಿಡ್ತಾಳಾ?"

ಹೆಡ್‌ಫೋನ್ ಕಿತ್ತು ಬಿಸಾಡಿದೆ. ಅಂದರೆ ಅದು ನಾಟಕ! ನನ್ನ ಬದುಕಿನ ಅತಿ ದೊಡ್ಡ ಪ್ರಶ್ನೆಗೆ ಈ ಹೆಂಗಸು ಯಾವ ಕಣ್ಣು ಅಂತ ಲೆಕ್ಕ ಹಾಕಿ ಉತ್ತರ ಕೊಟ್ಟಿದ್ದಾಳೆ. ಎಡಿಟರ್ "ಮೇಡಂ, ಇನ್ನೂ ಇದೆ" ಅಂತ ಹಿಂದೆ ಬಂದರು. ನಿಮ್ಮ ಮೊಟ್ಟೆ ತಿನ್ನಿ ಹೋಗಿ ಅಂತ ಕೂಗಿ ಬಾಗಿಲು ಹಾಕಿಕೊಂಡು ಬಂದೆ.

ಅಸಹ್ಯ. ಅಸಹ್ಯ. ಇಂಥವಳ ಹೊಟ್ಟೆಯಲ್ಲಿ ಹುಟ್ಟಿದೆನಲ್ಲ.

ಮಾರ್ಚ್ 21

ಎಡಿಟರ್ ಎರಡು ದಿನದಿಂದ ಒಂದೇ ಮೆಸೇಜು ಕಳಿಸುತ್ತಿದ್ದರು. "ಪೂರ್ತಿ ಕೇಳಿ. ದಯವಿಟ್ಟು." ಆ ಮನುಷ್ಯ ದಯವಿಟ್ಟು ಅಂದಿದ್ದು ನಾನು ಕಂಡಿಲ್ಲ. ಹೋದೆ. ನನ್ನನ್ನು ಕೂರಿಸಿ ತಾವು ಹೊರಗೆ ಹೋದರು.

ಕೇಳಿದ್ದನ್ನು ಹಾಗೇ ಬರೆಯುತ್ತೇನೆ. ಆಮೇಲೆ ನನಗೆ ಬೇಕಾದ ಹಾಗೆ ತಿರುಚಿಕೊಳ್ಳಬಾರದು.

ಚಿಕ್ಕಮ್ಮ: "ನಿಜ ಹೇಳ್ಬಿಡಕ್ಕ. ಎಷ್ಟು ದಿನ ಅಂತ ಕೆಟ್ಟೋಳಾಗ್ತೀಯ?"

ಅಮ್ಮ: "ಏನಂತ ಹೇಳ್ಲಿ? ಕರ್ಕೊಂಡು ಬರೋಕೆ ನಾಲ್ಕು ಸಲ ಹೋದೆ, ನೀನೇ ಬರ್ಲಿಲ್ಲ ಅಂತಾನಾ? 'ಈ ಆಂಟಿ ನಾರ್ತಾಳೆ' ಅಂತ ಮೂಗು ಮುಚ್ಕೊಂಡು ದೊಡ್ಡಮ್ಮನ ಹಿಂದೆ ಹೋಗಿ ನಿಂತ್ಕೊಂಡೆ ಅಂತಾನಾ? ನಾನು ತುತ್ತು ಕೊಡೋಕೆ ಹೋದ್ರೆ ವಾಂತಿ ಮಾಡ್ದೆ ಅಂತಾನಾ?"

"ಆರು ವರ್ಷದ ಮಗು ಅಲ್ವಾ ಅಕ್ಕ."

"ಮಗೂನೇ. ಅದಕ್ಕೇ ಹೇಳ್ಬಾರ್ದು. ಆಸ್ಪತ್ರೆ ಬಟ್ಟೆ ಒಗೆಯೋಳು ನಾನು. ರಕ್ತ, ಕೀವು, ಆ ಬ್ಲೀಚು. ದೊಡ್ಡೋರಿಗೇ ಆಗ್ತಿರ್ಲಿಲ್ಲ, ಬಸ್ಸಲ್ಲಿ ಪಕ್ಕದೋರು ಎದ್ದು ಹೋಗೋರು. ಅದಕ್ಕೇನು ತಿಳಿಯುತ್ತೆ ಪಾಪ?"

"ಈಗ ದೊಡ್ಡೋಳಾಗಿದಾಳಲ್ಲ. ಹೇಳು."

"ಹೇಳಿದ್ರೆ ಅವಳ ಸಿನಿಮಾ ಹೋಗುತ್ತೆ. ಮೂರು ವರ್ಷದಿಂದ ಒದ್ದಾಡ್ತಿದಾಳೆ. ನಾನು ಬಿಸಾಕ್ದೆ ಅಂದ್ರೆ ಸಿನಿಮಾ ಆಗುತ್ತೆ ಅಂದ್ರೆ ಬಿಸಾಕ್ದೆ ಅಂತಲೇ ಇರ್ಲಿ. ನನ್ನ ಗಂಟೇನು ಹೋಗುತ್ತೆ?"

ಬಟ್ಟೆ ಸರಸರ. ಆಮೇಲೆ ಚಿಕ್ಕಮ್ಮ: "ಮತ್ತೆ ಅಳು ಬರುತ್ತಾ ನಿಂಗೆ? ಆಗ್ಲೇ ಬರ್ಲಿಲ್ವಲ್ಲ."

"ಬರುತ್ತೆ. ಆ ಪುಟ್ಟ ಕೈ ಮೂಗಿನ ಮೇಲೆ ಇಟ್ಕೊಂಡಿದ್ದು ನೆನೆಸ್ಕೊಂಡ್ರೆ ಬರುತ್ತೆ. ಎಡಗಣ್ಣಲ್ಲೇ ಮೊದಲು ಬರೋ ಹಾಗೆ ಹೆಂಗೆ ಮಾಡೋದೋ, ಅದೊಂದು ಗೊತ್ತಾಗ್ತಿಲ್ಲ."

ಮಾರ್ಚ್ 22

ಊಟ ಸೇರಲಿಲ್ಲ.

ಮಾರ್ಚ್ 25

ಸುಳ್ಳಿರಬೇಕು, ಅಮ್ಮ ತನ್ನನ್ನು ತಾನೇ ದೊಡ್ಡವಳು ಮಾಡಿಕೊಳ್ಳೋಕೆ ಹೇಳಿರಬೇಕು ಅಂತ ಮೂರು ದಿನ ನನ್ನೊಳಗೇ ವಕಾಲತ್ತು ಮಾಡಿದೆ. ನನಗೆ ನೆನಪಿಲ್ಲವಲ್ಲ, ನೆನಪಿಲ್ಲದ್ದು ಹೇಗೆ ನಿಜ ಆಗುತ್ತೆ ಅಂತ.

ಇವತ್ತು ಚಿತ್ರಕಥೆಯ ಮೊದಲ ಕರಡು ತೆಗೆದೆ. ಮೂರು ವರ್ಷದ ಹಿಂದಿನದು. ಆರನೇ ಪುಟದಲ್ಲಿ ನನ್ನದೇ ಕೈಬರಹ: "ದೊಡ್ಡಮ್ಮನ ಮನೆಗೆ ಆಗಾಗ ಒಬ್ಬ ಆಂಟಿ ಬರುತ್ತಿದ್ದರು. ಬೆರಳುಗಳು ನೀರಲ್ಲಿ ನೆನೆದು ಬೆಳ್ಳಗೆ ಸುಕ್ಕಾಗಿರುತ್ತಿದ್ದವು. ಅವರು ಬಂದರೆ ನಾನು ಊಟ ಮಾಡುತ್ತಿರಲಿಲ್ಲ." ಅದರ ಮೇಲೆ ಕೆಂಪು ಪೆನ್ನಿನಲ್ಲಿ ಅಡ್ಡಗೆರೆ. ಪಕ್ಕದಲ್ಲಿ ಟಿಪ್ಪಣಿ: "ಕಥೆ ದಾರಿ ತಪ್ಪುತ್ತೆ. ತೆಗಿ."

ಗೆರೆಯೂ ನನ್ನದೇ, ಟಿಪ್ಪಣಿಯೂ ನನ್ನದೇ. ಯಾವ ಸಾಹೇಬರೂ ಆಗ ಇರಲಿಲ್ಲ. ನನಗೆ ಗೊತ್ತಿತ್ತು. ಗೊತ್ತಿದ್ದೂ ಹೊಡೆದು ಹಾಕಿ, ನಾನು ಯಾರ ಮಗಳು ಅಂತ ಮೂರು ವರ್ಷ ಕಿಟಕಿಯ ಪಕ್ಕ ನಿಂತು ಊರೆಲ್ಲ ಕೇಳಿಕೊಂಡು ಬಂದಿದ್ದೇನೆ. ಕನ್ನಡಿ ನೋಡೋಕೂ ಹೇಸಿಗೆ ಆಗುತ್ತಿದೆ. ಹಲ್ಲುಜ್ಜುವಾಗ ಗೋಡೆ ಕಡೆ ತಿರುಗಿ ಉಜ್ಜಿದೆ.

ಸಂಜೆ ಅಮ್ಮನ ಮನೆಗೆ ಹೋಗಿದ್ದೆ, ಸುಮ್ಮನೆ. ನಲ್ಲಿ ಸೋರುತ್ತಿತ್ತು, ವಾಷರ್ ಬದಲಾಯಿಸಿ ಬಂದೆ.

ಮಾರ್ಚ್ 28

ಸಾಹೇಬರಿಗೆ ಕೇಳಿಸಿದೆ. ಕೇಳಿಸಬಾರದಿತ್ತು. ಕುರ್ಚಿಯಿಂದ ಎಗರಿ ಬಿದ್ದರು. "ಇದು ಬಂಗಾರ! ಗುಟ್ಟಾಗಿ ರೆಕಾರ್ಡ್ ಆದ ತಾಯಿ! ಅಳುವಿನ ಸೀನ್ ತೋರಿಸಿ, ಆಮೇಲೆ ಪರದೆ ಕಪ್ಪು ಮಾಡಿ, ಬರೀ ಈ ದನಿ. ಜನ ಎದ್ದು ನಿಂತು ಚಪ್ಪಾಳೆ ಹೊಡೀತಾರೆ." ಮಾತಾಡುವಾಗ ಬಾಯಿಯ ಮೂಲೆಯಲ್ಲಿ ಬಿಳಿ ಎಂಜಲು. ಅಲ್ಲೇ ಎದ್ದು ಹೋಗಬೇಕಿತ್ತು.

ಹೋಗಲಿಲ್ಲ. ಹಾಗೇ ಕತ್ತರಿಸಿದೆ. ಹೊಸ ನಿರೂಪಣೆಯನ್ನೂ ಬರೆದೆ. "ಬಿಸಾಡಿದವಳು ನನ್ನ ತಾಯಿಯಲ್ಲ. ನಾನು." ಒಂದೇ ಸಲಕ್ಕೆ ರೆಕಾರ್ಡ್ ಆಯಿತು, ಎಷ್ಟು ಚೆನ್ನಾಗಿ ಬಂತು ಅಂದರೆ ನನ್ನ ಕಣ್ಣೂ ಒದ್ದೆಯಾಯಿತು. ಮೂರು ವರ್ಷದಲ್ಲಿ ನಾನು ಬರೆದದ್ದರಲ್ಲಿ ಅತ್ಯುತ್ತಮ. ಆ ಹೆಮ್ಮೆಯನ್ನು ನೋಡಿ ಇನ್ನೂ ಹೇಸಿಗೆಯಾಯಿತು.

ಎಡಿಟರ್ ಇಡೀ ದಿನ ಏನೂ ತಿನ್ನಲಿಲ್ಲ. ಕಂಪ್ಯೂಟರ್ ಆರಿಸುವಾಗ ಕೇಳಿದರು, "ಅಮ್ಮನ್ನ ಕೇಳಿದ್ರಾ?"

"ಅವರು ಮೊದಲೇ ಒಪ್ಪಿಗೆ ಪತ್ರಕ್ಕೆ ಸಹಿ ಹಾಕಿದಾರೆ."

"ಅದು ನೀವು ಕೇಳಿದಾಗ ಹೇಳಿದ್ದಕ್ಕೆ ಸಹಿ ಮೇಡಂ. ಇದು ನೀವು ಕೇಳ್ದೇ ಇದ್ದಾಗ ಹೇಳಿದ್ದು."

ದೊಡ್ಡ ನ್ಯಾಯಾಧೀಶರು. ಅಂಗಿಯ ಮೇಲೆ ಹಳದಿ ಮೊಟ್ಟೆಯ ಕಲೆ ಇಟ್ಟುಕೊಂಡು ನನಗೆ ನೀತಿಪಾಠ.

ಏಪ್ರಿಲ್ 2

ಲ್ಯಾಪ್‌ಟಾಪ್ ತೆಗೆದುಕೊಂಡು ಅಮ್ಮನ ಮನೆಗೆ ಹೋದೆ. ಮಂಚದ ಮೇಲಿಟ್ಟು ಕೇಳಿಸಿದೆ. ಎರಡು ಕೈಯನ್ನೂ ತೊಡೆಯ ಮೇಲಿಟ್ಟುಕೊಂಡು ಪೂರ್ತಿ ಕೇಳಿದಳು.

"ಮೈಕು ತೆಗೆದಿರ್ಲಿಲ್ವಾ?"

"ಇಲ್ಲ."

"ನಾನು ಬಚ್ಚಲಿಗೆ ಹೋಗಿದ್ದೂ ಬಂದಿದೆಯಾ?"

"ಬಂದಿತ್ತು. ಅಳಿಸಿದೀನಿ."

"ದೊಡ್ಡ ಉಪಕಾರ." ಲ್ಯಾಪ್‌ಟಾಪನ್ನು ನನ್ನ ಕಡೆ ತಳ್ಳಿ, "ಇದನ್ನ ಹಾಕ್ತೀಯಾ?"

"ಹಾಕ್ತೀನಿ. ನಿಜ ಇದೇ ಅಲ್ವಾ?"

"ಬೇಡ. ಮುಂಚಿಂದೇ ಇರ್ಲಿ, ನಾನು ಬಿಸಾಕ್ದೆ ಅನ್ನೋದು."

"ಅಮ್ಮ, ಅದು ಸುಳ್ಳು. ಜನ ನಿನ್ನನ್ನ ಏನಂತ ಅಂದ್ಕೊಳ್ತಾರೆ?"

"ಅಂದ್ಕೊಳ್ಲಿ ಬಿಡು. ನನಗೀಗ ಅರವತ್ತೆಂಟು, ಯಾರು ಬಂದು ಏನು ಕಿತ್ಕೊಳ್ತಾರೆ? ನಿನ್ನನ್ನ ಯಾರೂ ಒಂದು ಮಾತು ಅನ್ಬಾರ್ದು. ಟಿಕೆಟ್ ತಗೊಂಡು ಬಂದೋರು ಸಾಲಾಗಿ ಕೂತ್ಕೊಂಡು ಆರು ವರ್ಷದ ಮಗೂಗೆ ಥೂ ಅಂತಾರೆ. ನನ್ನ ಕೈಲಿ ಅದನ್ನ ನೋಡೋಕಾಗಲ್ಲ."

"ಅದು ನಾನಮ್ಮ. ನನ್ನನ್ನ ಏನಾದ್ರೂ ಅನ್ನೋಕೆ ನನಗೆ ಹಕ್ಕಿದೆ. ಸಿನಿಮಾನೂ ನಂದು."

"ಸಿನಿಮಾ ನಿಂದು. ಮಗು ನಂದು" ಅಂದಳು.

ಜಗಳ ಆಡಿದೆ. ಹಠಮಾರಿ, ತಿಳುವಳಿಕೆ ಇಲ್ಲದವಳು, ನನ್ನ ಕೆಲಸ ನಿನಗೆ ಅರ್ಥ ಆಗಲ್ಲ ಅಂತೆಲ್ಲ ಬಾಯಿಗೆ ಬಂದದ್ದು ಆಡಿದೆ. ಯಾಕೆ ಸುಮ್ಮನಿದ್ದೆ ಇಷ್ಟು ವರ್ಷ, ನನ್ನ ಕೆನ್ನೆಗೆ ಎರಡು ಬಾರಿಸಿ ಎಳೆದುಕೊಂಡು ಬರೋಕೆ ಏನಾಗಿತ್ತು ಅಂತ ಕೂಗಿದೆ. ತಟ್ಟೆ ತಂದಿಟ್ಟಳು. ತಿಂದೆ. ಅವಳೇ ಬಡಿಸಿದ್ದು, ಎರಡನೇ ಸಲವೂ ಹಾಕಿಸಿಕೊಂಡೆ.

ಮನೆಗೆ ಬಂದು ಅಮ್ಮನ ಮೇಲೆ ಅಸಹ್ಯವಾಯಿತು ಅಂತ ಬರೆಯೋಕೆ ಪೆನ್ನು ತೆಗೆದೆ. ಅದಲ್ಲ. ಬೇರೆ ಏನೋ, ಹೆಸರು ಹೊಳೆಯುತ್ತಿಲ್ಲ. ಎದೆ ಉರಿ ಇರಬೇಕು, ಜಾಸ್ತಿ ತಿಂದಿದ್ದಕ್ಕೆ.

ಏಪ್ರಿಲ್ 5

ಚಿತ್ರೋತ್ಸವದವರಿಗೆ ಕಾಗದ ಕಳಿಸಿದೆ, ಚಿತ್ರ ಹಿಂದಕ್ಕೆ ತಗೋತಿದ್ದೇನೆ ಅಂತ. ಸುಳ್ಳಿನ ಪ್ರತಿ ಕಳಿಸೋಕೆ ನನ್ನಿಂದಾಗಲ್ಲ, ನಿಜದ ಪ್ರತಿಗೆ ಅಮ್ಮ ಬಿಡಲ್ಲ. ಅರ್ಜಿಯಲ್ಲಿ 'ಕಾರಣ' ಅಂತ ಒಂದು ಚೌಕ ಇತ್ತು. ಅರ್ಧ ಗಂಟೆ ಯೋಚಿಸಿ 'ಶಬ್ದದ ತೊಂದರೆ' ಅಂತ ತುಂಬಿಸಿದೆ.

ಸಾಹೇಬರು ಫೋನಿನಲ್ಲಿ ಅರಚಿದರು. ನಿಮ್ಮಂಥವರಿಗೆ ಗಾಯ ಇದ್ದರೂ ದಂಡ ಅಂದರು. ಹೌದು ಸಾರ್ ಅಂದೆ. ಎಡಿಟರ್ ಮಾತ್ರ ಏನೂ ಕೇಳದೆ ಎಲ್ಲಾ ಒಂದು ಡಿಸ್ಕಿಗೆ ತುಂಬಿ ಕೈಗೆ ಕೊಟ್ಟರು. ಅವರ ಬಗ್ಗೆ ಬರೆದದ್ದು ಸ್ವಲ್ಪ ಜಾಸ್ತಿಯಾಯಿತು. ಇರಲಿ, ಮೊಟ್ಟೆಯ ವಿಷಯ ನಿಜವೇ.

ಅಮ್ಮನಿಗೆ ಹೇಳಿದರೆ ಹೌಹಾರಿದಳು. "ಅಯ್ಯೋ ನಿನ್ನ! ಮೂರು ಸಲ ಕೂತಿದ್ದೆಲ್ಲ ನೀರಲ್ಲಿ ಹೋಯ್ತಾ? ಕೆಳಗಿನೋರಿಗೆಲ್ಲ ಮಗಳ ಸಿನಿಮಾ ಬರುತ್ತೆ ಅಂತ ಹೇಳ್ಕೊಂಡು ಬಂದಿದೀನಿ, ಈಗ ಏನಂತ ಮುಖ ತೋರಿಸ್ಲಿ?"

ಏಪ್ರಿಲ್ 6, ಭಾನುವಾರ

ಹನ್ನೊಂದಕ್ಕೆ ಅಮ್ಮನ ಮನೆಗೆ ಹೋದೆ. ಆಗಷ್ಟೇ ತಲೆಗೆ ಸ್ನಾನ ಮಾಡಿ ಬಾಲ್ಕನಿಯಲ್ಲಿ ಕೂದಲು ಒಣಗಿಸುತ್ತಿದ್ದಳು. ಸಿನಿಮಾದ ಕೋಪಕ್ಕೆ ನನ್ನ ಜೊತೆ ಮಾತಿಲ್ಲ. ನೀರು ಬೇಕಾ ಅಂತ ಚಿಕ್ಕಮ್ಮನ ಮೂಲಕ ಕೇಳಿಸಿದಳು, ನಾನು ಎದುರಿಗೇ ಕೂತಿದ್ದರೂ. ಊಟವಾಯಿತು. ಚಿಕ್ಕಮ್ಮ ಕೆಳಗೆ ಹೋದಳು.

ನನಗೆ ವಾರದಿಂದ ಸರಿಯಾಗಿ ನಿದ್ದೆಯಿಲ್ಲ, ಕಣ್ಣು ಎಳೆಯುತ್ತಿತ್ತು. ಹೊರಗೆ ಸೋಫಾ ಇದೆ. ಆದರೂ "ಅಮ್ಮ, ನಿನ್ನ ಪಕ್ಕದಲ್ಲಿ ಸ್ವಲ್ಪ ಹೊತ್ತು ಮಲಗ್ತೀನಿ" ಅಂದೆ. ಯಾಕೆ ಅಂದೆನೋ. ಈ ಮನೆಗೆ ವಾಪಸ್ ಬಂದ ಮೇಲೂ ನಾವಿಬ್ಬರೂ ಒಂದೇ ಮಂಚದಲ್ಲಿ ಮಲಗಿದವರಲ್ಲ.

ಅಮ್ಮ ಎದ್ದು ಹೋದಳು. ಕೋಪ ಇನ್ನೂ ಇಳಿದಿಲ್ಲ ಅಂದುಕೊಂಡು ಮಂಚದ ಒಂದು ಕಡೆ ಬಿದ್ದುಕೊಂಡೆ. ಬಚ್ಚಲಲ್ಲಿ ನೀರು ಬಿಟ್ಟ ಸದ್ದು, ಬಕೆಟ್ಟಿನ ಸದ್ದು. ಬಟ್ಟೆ ಒಗೆಯುತ್ತಿದ್ದಾಳೆ ಅಂದುಕೊಂಡೆ. ಕಾಲು ಗಂಟೆ ಬಿಟ್ಟು ಬಂದಳು. ಬೇರೆ ಬಟ್ಟೆ ಹಾಕಿಕೊಂಡಿದ್ದಳು, ಕುತ್ತಿಗೆ ಇನ್ನೂ ಒದ್ದೆ.

"ಬೆಳಿಗ್ಗೆ ಆಯ್ತಲ್ಲಮ್ಮ, ಮತ್ತೆ ಯಾಕೆ ಸ್ನಾನ?"

"ಪಕ್ಕದಲ್ಲಿ ಮಲಗ್ತೀನಿ ಅಂದ್ಯಲ್ಲ" ಅಂದು, ಗೋಡೆಯ ಕಡೆಗೆ ಆದಷ್ಟು ಸರಿದು ಮಲಗಿದಳು.